ಸರ್ವಾಧಿಕಾರಿಯ ಕಣ್ಣು

ಅರಸನಿಗೆ ಮುಖದ ಮೇಲಿನ ಎರಡು ಕಣ್ಣುಗಳು ಸಾಲವು, ಬೇಹುಗಾರರೇ ಆತನ ನಿಜವಾದ ಕಣ್ಣುಗಳು ಎಂದು ನಮ್ಮ ಪ್ರಾಚೀನ ರಾಜನೀತಿಜ್ಞರು ಬಗೆದಿದ್ದರು. ತಾಪಸರಾಗಿ, ವರ್ತಕರಾಗಿ, ಗೃಹಸ್ಥರಾಗಿ ವೇಷ ಮರೆಸಿಕೊಂಡು ಸಂಚರಿಸುವ ಗೂಢಪುರುಷರನ್ನು ಕುರಿತು ಕೌಟಿಲ್ಯನು ಅರ್ಥಶಾಸ್ತ್ರದಲ್ಲಿ ವಿಸ್ತಾರವಾಗಿ ಹೇಳಿದ್ದಾನೆ. ಕಣ್ಣು ಕಂಡದ್ದನ್ನು ಅರಸನು ಕೇಳಿ, ತೂಗಿನೋಡಿ, ಅದಕ್ಕೆ ತಕ್ಕಂತೆ ನಡೆದುಕೊಳ್ಳುವನೆಂಬ ನಂಬಿಕೆಯೇ ಆ ಏರ್ಪಾಡಿನ ತಳಹದಿ. ಆದರೆ ತನಗೆ ಹಿತವಲ್ಲದ್ದನ್ನು ನೋಡಲೊಲ್ಲೆನೆಂದು ಅರಸನೇ ಹಟ ಹಿಡಿದರೆ? ಕಣ್ಣಿಗೆ ಬಿದ್ದ ಅನ್ಯಾಯವು ಅವನ ಅಪ್ಪಣೆಯಿಂದಲೇ ನಡೆಯುತ್ತಿದ್ದರೆ? ಜರ್ಮನಿಯ ಸರ್ವಾಧಿಕಾರಿ ಹಿಟ್ಲರನ ಕಾಲದಲ್ಲಿ ಅಲ್ಲಿನ ಸೈನ್ಯದ ಬೇಹುಗಾರಿಕೆಗೆ 9 ವರ್ಷಗಳ ಕಾಲ ಮುಖ್ಯಸ್ಥನಾಗಿದ್ದ ಅಡ್ಮಿರಲ್ ವಿಲ್ಹೆಲ್ಮ್ ಕಾನಾರಿಸನ ಬಾಳು ಈ ಪ್ರಶ್ನೆಗಳನ್ನು ನಮ್ಮೆದುರಿಗೆ ತಂದು ನಿಲ್ಲಿಸುತ್ತದೆ.

ಕಾನಾರಿಸನು 1887ರ ಜನವರಿ 1ರಂದು ಡಾರ್ಟ್‌ಮಂಡ್ ನಗರದ ಬಳಿಯ ಆಪ್ಲರ್‌ಬೆಕ್ ಎಂಬಲ್ಲಿ ಅನುಕೂಲಸ್ಥ ಕುಟುಂಬದಲ್ಲಿ ಜನಿಸಿದನು. 1905ರಲ್ಲಿ ನೌಕಾದಳವನ್ನು ಸೇರಿದನು. ಮೊದಲನೆಯ ಮಹಾಯುದ್ಧವು ಆರಂಭವಾದಾಗ ಆತ ‘ಡ್ರೆಸ್ಡೆನ್’ ಎಂಬ ಸಮರನೌಕೆಯಲ್ಲಿ ಅಧಿಕಾರಿಯಾಗಿದ್ದನು. 1914ರ ಡಿಸೆಂಬರಿನಲ್ಲಿ ಫಾಕ್‌ಲೆಂಡ್ ದ್ವೀಪಗಳ ಬಳಿ ಬ್ರಿಟಿಷರೊಡನೆ ನಡೆದ ಕಾಳಗದಲ್ಲಿ ಜರ್ಮನಿಯ ಯುದ್ಧನೌಕೆಗಳ ಪೈಕಿ ಇದೊಂದೇ ಪಾರಾಗಿ ಉಳಿಯಿತು. ಮೂರು ತಿಂಗಳ ಬಳಿಕ ಶತ್ರುಗಳು ಅದನ್ನೂ ಚಿಲಿ ದೇಶದ ದ್ವೀಪವೊಂದರ ಬಳಿ ಸುತ್ತುಗಟ್ಟಿದಾಗ ನಾವಿಕರು ತಮ್ಮ ನೌಕೆಯನ್ನು ತಾವೇ ಮುಳುಗಿಸಿಬಿಟ್ಟರು. ಚಿಲಿ ಸರಕಾರದ ಬಂಧನದಲ್ಲಿದ್ದ ಕಾನಾರಿಸನು ಕೆಲವೇ ತಿಂಗಳಲ್ಲಿ ಅಲ್ಲಿಂದ ತಪ್ಪಿಸಿಕೊಂಡನು. ಚಳಿಗಾಲದಲ್ಲಿ ಆಂಡೀಸ್ ಪರ್ವತಗಳನ್ನು ದಾಟಿ ಅರ್ಜೆಂಟೈನಾ ಸೇರಿ, ಚಿಲಿಯ ಪ್ರಜೆಯೆಂದು ಸುಳ್ಳು ರಹದಾರಿ ಪತ್ರ ಹಿಡಿದು ಹಡಗು ಹತ್ತಿದನು. ಹಡಗು ನಡುವೆ ಇಂಗ್ಲೆಂಡಿನ ಬಂದರಿನಲ್ಲಿ ತಂಗಿದಾಗಲೂ ಯಾರಿಗೂ ಗುರುತು ಸಿಕ್ಕಲಿಲ್ಲ. ಸ್ಪ್ಯಾನಿಷ್ ಭಾಷೆಯನ್ನು ಆತ ಅಷ್ಟು ಚೆನ್ನಾಗಿ ಬಲ್ಲವನಾಗಿದ್ದನು. 1915ರ ಅಕ್ಟೋಬರಿನಲ್ಲಿ ಸ್ವದೇಶವನ್ನು ಮುಟ್ಟಿದನು. ಇಂತಹ ಚತುರನು ಮುಂದೆ ಬೇಹುಗಾರಿಕೆಯತ್ತ ತಿರುಗಿದುದರಲ್ಲಿ ಆಶ್ಚರ್ಯವೇನೂ ಇಲ್ಲ.

1935ರ ಜನವರಿಯಲ್ಲಿ ಕಾನಾರಿಸನು ‘ಆಬ್‌ವೇರ್’ ಎಂಬ ಹೆಸರಿನ ಸೈನಿಕ ಬೇಹುಗಾರಿಕೆಯ ಇಲಾಖೆಗೆ ಮುಖ್ಯಸ್ಥನಾದನು. ಬರ್ಲಿನ್ನಿನಲ್ಲಿ ಕಾಲುವೆಯ ದಂಡೆಯ ಮೇಲಿದ್ದ ಅದರ ಕಚೇರಿಯನ್ನು ಅಲ್ಲಿನವರು ‘ನರಿಯ ಬಿಲ’ ಎಂದು ಕರೆಯುತ್ತಿದ್ದರು. ಆಗ ಆತನಿಗೆ ಹಿಟ್ಲರನಲ್ಲಿ ವಿಶ್ವಾಸವಿತ್ತೆಂಬುದನ್ನು ಮುಚ್ಚಿಡಬೇಕಾಗಿಲ್ಲ. ಸೋತು ಸೊರಗಿದ್ದ ಸೈನ್ಯಕ್ಕೆ ಹೊಸ ಬಲ ಬಂದಿತೆಂದು ಹಿಗ್ಗಿದ ಸಾವಿರಾರು ಅಧಿಕಾರಿಗಳಲ್ಲಿ ಅವನೂ ಒಬ್ಬನು. 1936ರಲ್ಲಿ ಸ್ಪೇನಿನ ಅಂತರ್ಯುದ್ಧದಲ್ಲಿ ಸೇನಾನಿ ಫ್ರಾಂಕೋಗೆ ಜರ್ಮನಿಯ ನೆರವು ದೊರೆಯುವಂತೆ ಒತ್ತಾಯಿಸಿದವರಲ್ಲಿಯೂ ಅವನಿದ್ದನು.

ಅದೇ ರಾಜ್ಯದಲ್ಲಿ ಇನ್ನೊಂದು ಗೂಢಚಾರ ಪಡೆಯೂ ಇದ್ದಿತು. ಅದು ನಾಜಿ ಪಕ್ಷದ ಸ್ವಂತ ಪಡೆ. ರೈನ್‌ಹಾರ್ಡ್ ಹೈಡ್ರಿಖನು ಅದರ ಒಡೆಯ. ಸರ್ವಾಧಿಕಾರಿಗಳು ಒಂದೇ ಕಣ್ಣನ್ನು ನಂಬುವುದಿಲ್ಲ. ಒಂದರ ಮೇಲೆ ಇನ್ನೊಂದನ್ನು ಕಾವಲಿಡುತ್ತಾರೆ. ಹೈಡ್ರಿಖನು ಹಿಂದೆ ತರಬೇತಿ ನೌಕೆಯೊಂದರಲ್ಲಿ ಕಾನಾರಿಸನ ಕೈಕೆಳಗೆ ಇದ್ದವನು. ಬರ್ಲಿನ್ನಿನಲ್ಲಿ ಇಬ್ಬರೂ ನೆರೆಹೊರೆಯವರು. ಕಾನಾರಿಸನ ಮನೆಗೆ ಬಂದು ಆತನ ಹೆಂಡತಿಯ ಜತೆಯಲ್ಲಿ ಹೈಡ್ರಿಖನು ಪಿಟೀಲು ನುಡಿಸುತ್ತಿದ್ದನು. ಸಂಜೆ ಸಂಗೀತ, ಹಗಲಲ್ಲಿ ಒಬ್ಬರಮೇಲೊಬ್ಬರಿಗೆ ಗುಮಾನಿ! ಇಂತಹ ನಂಟು ಎಂತಹ ಉಸಿರುಗಟ್ಟಿಸುವ ನಂಟೆಂಬುದನ್ನು ನೀವೇ ಊಹಿಸಿಕೊಳ್ಳಬಹುದು.

1938ರಲ್ಲಿ, ಸೈನ್ಯದ ಹಿರಿಯ ಸೇನಾಪತಿಯೊಬ್ಬನನ್ನು ಸುಳ್ಳು ಆಪಾದನೆಯಿಂದ ಕೆಳಗಿಳಿಸಿದಾಗ, ಕಾನಾರಿಸನ ಮನಸ್ಸು ಒಡೆಯಿತು. ಆತನ ಇಲಾಖೆಯ ಹಾನ್ಸ್ ಓಸ್ಟರ್ ಎಂಬ ಅಧಿಕಾರಿಯು ಕೆಲವರನ್ನು ಕೂಡಿಕೊಂಡು ಹಿಟ್ಲರನನ್ನು ಸೆರೆಹಿಡಿಯುವ ಸಂಚನ್ನು ಹೂಡುತ್ತಿದ್ದುದು ಅವನಿಗೆ ತಿಳಿದಿತ್ತು. ಆದರೆ ಆ ವರ್ಷ ಸೆಪ್ಟೆಂಬರಿನ ಕೊನೆಯಲ್ಲಿ ಮ್ಯೂನಿಕ್ ಒಪ್ಪಂದವಾಗಿ, ಯುದ್ಧವಿಲ್ಲದೆಯೇ ಹಿಟ್ಲರನಿಗೆ ಜಯ ದೊರೆತುದರಿಂದ ಆ ಸಂಚು ಕುಸಿಯಿತು.

ಮುಂದಿನ ವರ್ಷ ಪೋಲೆಂಡಿನ ಮೇಲೆ ಜರ್ಮನಿಯ ದಾಳಿಯಾಯಿತು. ಸೈನ್ಯದ ಬೆನ್ನಿಗೆ ಹೋದ ನಾಜಿ ಪಡೆಗಳು ಅಲ್ಲಿನ ಯೆಹೂದ್ಯರನ್ನೂ ವಿದ್ಯಾವಂತರನ್ನೂ ಪಾದ್ರಿಗಳನ್ನೂ ಕೊಲ್ಲತೊಡಗಿದ ವರದಿಗಳು ಕಾನಾರಿಸನ ಮೇಜಿನ ಮೇಲೆ ಬಂದು ಬಿದ್ದವು. 1939ರ ಸೆಪ್ಟೆಂಬರ್ 12ರಂದು ಆತನು ಹಿಟ್ಲರನ ವಿಶೇಷ ರೈಲು ನಿಂತಿದ್ದ ತಾಣಕ್ಕೆ ಹೋಗಿ ಸೈನ್ಯದ ಮುಖ್ಯಾಧಿಕಾರಿ ಕೈಟೆಲನನ್ನು ಕಂಡನು. ಈ ಕೊಲೆಗಳಿಗಾಗಿ ಲೋಕವು ಒಂದಲ್ಲ ಒಂದು ದಿನ ಸೈನ್ಯವನ್ನೇ ಹೊಣೆ ಮಾಡುತ್ತದೆಂದು ಎಚ್ಚರಿಸಿದನು. ಇದು ಹಿಟ್ಲರನೇ ತೀರ್ಮಾನಿಸಿದ ವಿಷಯ, ಸೈನ್ಯಕ್ಕೆ ಬೇಡವಾದರೆ ಬೇರೆ ಪಡೆಗಳು ಅದನ್ನು ಮಾಡುತ್ತವೆ ಎಂಬರ್ಥದ ಉತ್ತರ ದೊರೆಯಿತು. ಅಷ್ಟರಲ್ಲಿ ಹಿಟ್ಲರನೇ ಅಲ್ಲಿಗೆ ಬಂದನು. ಕಾನಾರಿಸನು ಕೊಲೆಗಳ ಮಾತನ್ನು ಅವನೆದುರು ಎತ್ತಲಿಲ್ಲ. ಜತೆಗಿದ್ದ ಲಾಹೌಸೆನ್ ಎಂಬ ಕೈಕೆಳಗಿನ ಅಧಿಕಾರಿಯು ಅಂದಿನ ಮಾತುಗಳನ್ನೆಲ್ಲ ಬರೆದಿಟ್ಟುಕೊಂಡನು.

ಇಷ್ಟನ್ನು ಕಂಡ ಮೇಲೆ ಕಾನಾರಿಸನು ರಾಜೀನಾಮೆ ಕೊಡಲಿಲ್ಲವೇಕೆ? ತಾನು ಬಿಟ್ಟ ಕುರ್ಚಿಯಲ್ಲಿ ಹೈಡ್ರಿಖನ ಕಡೆಯವನು ಬಂದು ಕುಳಿತರೆ ಇನ್ನೂ ಕೇಡಾಗುವುದೆಂದು ಅವನು ಭಾವಿಸಿದ್ದನು. ಈ ವಾದದಲ್ಲಿ ಹುರುಳಿಲ್ಲದಿಲ್ಲ. ಆದರೆ ಕುರ್ಚಿಯಲ್ಲಿ ಉಳಿಯಬೇಕಾದರೆ ಕುರ್ಚಿಯ ಕೆಲಸವನ್ನೂ ಮಾಡಬೇಕಲ್ಲವೆ? ಅವನ ಇಲಾಖೆಯು ಕೊನೆಯವರೆಗೂ ಹಿಟ್ಲರನ ಯುದ್ಧಕ್ಕಾಗಿ ದುಡಿಯಿತು. ಇಂಗ್ಲೆಂಡಿನಿಂದ ಹಾಲೆಂಡಿಗೆ ವಿಮಾನದಿಂದ ಇಳಿಯುತ್ತಿದ್ದ ಗುಪ್ತ ಕಾರ್ಯಕರ್ತರನ್ನು 1942–43ರಲ್ಲಿ ಒಬ್ಬೊಬ್ಬರನ್ನಾಗಿ ಬಲೆಗೆ ಕೆಡವಿದವರು ಆಬ್‌ವೇರಿನವರೂ ಜರ್ಮನ್ ಪೋಲೀಸರೂ. ಸೆರೆಸಿಕ್ಕಿದವರು ಐವತ್ತಕ್ಕೂ ಹೆಚ್ಚು; ಅವರಲ್ಲಿ ಬಹುಮಂದಿ ಮುಂದೆ ಬಂದಿಶಿಬಿರದಲ್ಲಿ ಕೊಲೆಯಾದರು. ಕಾನಾರಿಸನನ್ನು ಬರಿಯ ವೀರನೆಂದು ಚಿತ್ರಿಸುವವರು ಇದನ್ನು ಮರೆಯುತ್ತಾರೆ.

ಓಸ್ಟರನ ದಾರಿ ಬೇರೆ. ಆತನು ಜರ್ಮನಿಯ ದಾಳಿಯ ದಿನಾಂಕವನ್ನು ಡಚ್ ರಾಯಭಾರ ಕಚೇರಿಯ ಸೈನ್ಯಾಧಿಕಾರಿಗೆ ಮತ್ತೆ ಮತ್ತೆ ತಿಳಿಸಿದನು. ಜೋಸೆಫ್ ಮ್ಯೂಲರ್ ಎಂಬ ವಕೀಲನ ಮೂಲಕ ರೋಮಿಗೂ ಸುದ್ದಿ ಮುಟ್ಟಿತು. ಅಲ್ಲಿಂದ ಹೊರಟ ಬೆಲ್ಜಿಯಮ್ ರಾಯಭಾರಿಯ ತಂತಿಯು ಜರ್ಮನರ ಕೈಗೆ ಸಿಕ್ಕಿ, ಗುಟ್ಟು ಹೊರಹಾಕಿದವನನ್ನು ಹಿಡಿಯಿರೆಂದು ಹಿಟ್ಲರನ ಆಜ್ಞೆಯಾಯಿತು. ಕಾನಾರಿಸನು ಏನು ಮಾಡಿದನು ಗೊತ್ತೆ? ಆ ಕಳ್ಳನನ್ನು ಪತ್ತೆಹಚ್ಚುವ ಕೆಲಸವನ್ನು ಮ್ಯೂಲರನಿಗೇ ವಹಿಸಿದನು! ತಾನೇ ಮುಂದೆ ಬಿದ್ದು ಸಂಚು ಹೂಡುವವನಲ್ಲ. ಹೂಡಿದವರನ್ನು ತನ್ನ ನೆರಳಿನಲ್ಲಿ ಬಚ್ಚಿಡುವವನು. ಅವನ ಸ್ವಭಾವವೇ ಅದು.

1941ರಲ್ಲಿ ರಷ್ಯದ ಮೇಲೆ ಯುದ್ಧ ಹೂಡಿದಾಗ, ಸೆರೆಸಿಕ್ಕ ಸೋವಿಯತ್ ಸೈನಿಕರಿಗೆ ಯಾವ ನಿಯಮವೂ ಅನ್ವಯಿಸದೆಂದು ನಾಜಿಗಳು ಸಾರಿದರು. ಸೆರೆಯಾಳನ್ನು ಹಸಿವಿನಿಂದ ಕೊಲ್ಲುವುದು, ಗುಂಡಿಕ್ಕುವುದು ಯುದ್ಧಧರ್ಮಕ್ಕೆ ವಿರುದ್ಧವೆಂದು ಸೆಪ್ಟೆಂಬರ್ 15ರಂದು ಕಾನಾರಿಸನು ಸಹಿ ಮಾಡಿದ ಪತ್ರವು ಕೈಟೆಲನಿಗೆ ತಲುಪಿತು. ಇವೆಲ್ಲ ಹಳೆಯ ಕಾಲದ ವೀರಧರ್ಮದ ಕಲ್ಪನೆಗಳು, ಇಲ್ಲಿ ನಡೆಯುತ್ತಿರುವುದು ಒಂದು ಸಿದ್ಧಾಂತದ ನಿರ್ಮೂಲನ ಎಂಬ ತಾತ್ಪರ್ಯದ ಷರಾವನ್ನು ಕೈಟೆಲನು ಅದರ ಮೇಲೆ ತನ್ನ ಕೈಯಾರೆ ಗೀಚಿದನು. ಯುದ್ಧವು ಮುಗಿಯುವ ವೇಳೆಗೆ ಜರ್ಮನರ ಸೆರೆಯಲ್ಲಿ ಸತ್ತ ಸೋವಿಯತ್ ಸೈನಿಕರು ಸುಮಾರು 30 ಲಕ್ಷ.

ಪತ್ರದಿಂದ ಆಗದುದು ಕೆಲವೊಮ್ಮೆ ಮೋಸದಿಂದ ಆಯಿತು. 1942ರಲ್ಲಿ 14 ಜನ ಯೆಹೂದ್ಯರು ಮತ್ತು ಯೆಹೂದ್ಯ ಮೂಲದವರನ್ನು ತನ್ನ ಇಲಾಖೆಯ ಬೇಹುಗಾರರೆಂದು ಸುಳ್ಳು ಹೇಳಿ ಸ್ವಿಟ್ಜರ್ಲೆಂಡಿಗೆ ದಾಟಿಸಲಾಯಿತು. ಅವರೆಲ್ಲ ಬದುಕಿಕೊಂಡರು. ಆದರೆ ಅವರಿಗಾಗಿ ಕಳುಹಿಸಿದ ಹಣದ ಲೆಕ್ಕವೇ ಮುಂದೆ ಪೋಲೀಸರಿಗೆ ಸುಳಿವಾಯಿತು. 1943ರ ಏಪ್ರಿಲಿನಲ್ಲಿ ಈ ಕಾರ್ಯವನ್ನು ನಡೆಸಿದ ದೋಹ್ನಾನ್ಯಿಯನ್ನೂ, ಅವನ ಬಂಧುವಾದ ಧರ್ಮಪಂಡಿತ ಬೋನ್‌ಹೋಫರನನ್ನೂ ಬಂಧಿಸಿದರು. ಓಸ್ಟರನ ಅಧಿಕಾರ ಹೋಯಿತು. 1944ರ ಫೆಬ್ರುವರಿಯಲ್ಲಿ ಕಾನಾರಿಸನೂ ಪದಚ್ಯುತನಾದನು. ಜುಲೈ 20ರಂದು ಹಿಟ್ಲರನ ಮೇಲೆ ಬಾಂಬಿನ ಪ್ರಯೋಗ ನಡೆದು ವಿಫಲವಾದ ಮೂರನೆಯ ದಿನ ಆತನನ್ನು ಮನೆಯಿಂದ ಸೆರೆಹಿಡಿದೊಯ್ದರು.

ತಿಂಗಳುಗಟ್ಟಲೆ ವಿಚಾರಣೆ ನಡೆಸಿದರೂ ಕಾನಾರಿಸನ ಬಾಯಿಂದ ನಿಜ ಹೊರಡಲಿಲ್ಲ. ಅವನನ್ನು ಕೊಂದದ್ದು ಅವನದೇ ಕೈಬರಹ. ಕಂಡದ್ದನ್ನು, ಕೇಳಿದ್ದನ್ನು ಅವನು ದಿನಚರಿಯಲ್ಲಿ ಬರೆದಿಡುತ್ತಿದ್ದನು. ಮುಂದೊಮ್ಮೆ ಜರ್ಮನರು ನಿಜವನ್ನು ತಿಳಿಯಲೆಂದು ಬರೆದನೋ, ಕಂಡದ್ದನ್ನೆಲ್ಲ ಬರೆಯುವ ಬೇಹುಗಾರನ ಚಾಳಿಯಿಂದ ಬರೆದನೋ, ಹೇಗಾದರೇನು, 1945ರ ಏಪ್ರಿಲ್ ಮೊದಲ ವಾರದಲ್ಲಿ ಆ ಸಂಪುಟಗಳು ಬರ್ಲಿನ್ ಸಮೀಪದ ಸೈನ್ಯ ಶಿಬಿರದಲ್ಲಿ ಸಿಕ್ಕವು. ಓದಿದ ಹಿಟ್ಲರನು ಕೆರಳಿ ಮರಣದ ಆಜ್ಞೆಯಿತ್ತನು. ಏಪ್ರಿಲ್ 8ರ ರಾತ್ರಿ ಫ್ಲೋಸೆನ್‌ಬ್ಯುರ್ಗ್ ಬಂದಿಶಿಬಿರದಲ್ಲಿ ವಿಚಾರಣೆಯ ಶಾಸ್ತ್ರವೊಂದು ನಡೆಯಿತು. ಆರೋಪಿಗಳ ಪರವಾಗಿ ವಾದಿಸಲು ವಕೀಲನೂ ಇರಲಿಲ್ಲ. ಅದೇ ರಾತ್ರಿ ಕಾನಾರಿಸನು ಗೋಡೆಯನ್ನು ತಟ್ಟಿ, ಪಕ್ಕದ ಕೋಣೆಯಲ್ಲಿದ್ದ ಡೆನ್ಮಾರ್ಕಿನ ಸೈನ್ಯಾಧಿಕಾರಿಗೆ, ತಾನು ದೇಶದ್ರೋಹಿಯಲ್ಲವೆಂಬ ಸಂದೇಶವನ್ನು ಸಂಕೇತಗಳಲ್ಲಿ ಕಳುಹಿಸಿದನು. ಮರುದಿನ ಬೆಳಗಿನ ಜಾವ ಆತನನ್ನೂ ಓಸ್ಟರನನ್ನೂ ಬೋನ್‌ಹೋಫರನನ್ನೂ ಗಲ್ಲಿಗೇರಿಸಿದರು. ಅಮೆರಿಕದ ಸೇನೆಯು ಆ ಶಿಬಿರವನ್ನು ಬಿಡಿಸಿದುದು ಏಪ್ರಿಲ್ 23ರಂದು, ಕೇವಲ 14 ದಿನಗಳ ಅನಂತರ.

ದಿನಚರಿಯ ಆ ಸಂಪುಟಗಳು ಮತ್ತೆಂದೂ ದೊರೆಯಲಿಲ್ಲ. ಆದರೆ ಲಾಹೌಸೆನನು ಬದುಕಿದ್ದನು. 1945ರ ನವೆಂಬರ್ 30ರಂದು ನ್ಯೂರೆಂಬರ್ಗ್ ನ್ಯಾಯಾಲಯದಲ್ಲಿ ಆತನು ಸಾಕ್ಷಿಯ ಕಟಕಟೆಯನ್ನೇರಿ, ಆರು ವರ್ಷಗಳ ಹಿಂದೆ ರೈಲಿನಲ್ಲಿ ನಡೆದ ಸಂಭಾಷಣೆಯನ್ನು ಹೇಳತೊಡಗಿದನು. ಎದುರಿಗೆ, ಆರೋಪಿಗಳ ಸಾಲಿನಲ್ಲಿ, ಕೈಟೆಲನು ಕುಳಿತು ಕೇಳುತ್ತಿದ್ದನು.