ಹೆಸರಿಡುವ ಮುನ್ನ ಅರ್ಥ ವಿಚಾರಿಸಿ

ಮಗು ಹುಟ್ಟಿದ ಮನೆಯಿಂದ ನನಗೆ ಬರುವ ಫೋನುಗಳದ್ದು ಒಂದೇ ಧಾಟಿ: “ದೊಡ್ಡಮ್ಮಾ, ಈ ಹೆಸರು ಹೇಗಿದೆ? ಅರ್ಥ ತುಂಬಾ ಚೆನ್ನಾಗಿದೆಯಂತೆ.” ಆ ‘ಅಂತೆ’ಯ ಮೇಲೆಯೇ ನನ್ನ ತಕರಾರು. ಕನ್ನಡ ಪಾಠ ಹೇಳಿ ನಿವೃತ್ತಳಾದವಳು ಎಂಬ ಒಂದೇ ಸಲಿಗೆಯಲ್ಲಿ ಕೆಲವು ಮಾತು ಹೇಳುತ್ತೇನೆ. ನಾಮಕರಣದ ಕಾರ್ಡು ಅಚ್ಚಿಗೆ ಹೋಗುವ ಮೊದಲೇ ಓದಿಕೊಳ್ಳಿ.

• ಅರ್ಥ ಹೇಳಿದವರನ್ನು “ಯಾವ ಭಾಷೆ, ಯಾವ ಪದ?” ಎಂದು ಕೇಳಿ. “ಸಂಸ್ಕೃತ” ಎಂದಷ್ಟಕ್ಕೇ ತಲೆಯಾಡಿಸಬೇಡಿ. ಆರವ್ ಎಂಬ ಹೆಸರನ್ನೇ ನೋಡಿ. ಹೆಸರಿನ ಪಟ್ಟಿಗಳಲ್ಲಿ ಇದಕ್ಕೆ ‘ಶಾಂತ’ ಎಂದು ಅರ್ಥ ಕೊಟ್ಟಿರುತ್ತಾರೆ. ಸಂಸ್ಕೃತದಲ್ಲಿ ‘ಆರವ’ ಎಂದರೆ ಸದ್ದು, ಕೂಗು, ಬೊಬ್ಬೆ. ಹಕ್ಕಿಗಳ ಕಲರವ ಎಂದು ಹೈಸ್ಕೂಲಿನಲ್ಲಿ ಓದಿದ್ದು ನೆನಪಿದ್ದರೆ ಸಾಕು, ‘ರವ’ ಏನೆಂದು ತಿಳಿಯುತ್ತದೆ. ಸದ್ದಿಲ್ಲದ್ದೇ ಬೇಕಿದ್ದರೆ ‘ನೀರವ’ ಇದೆ. ರಾತ್ರಿಯಿಡೀ ಅಳುವ ಕೂಸಿಗೆ ಆರವ ಎಂಬುದೇ ಸರಿಯಾದ ಹೆಸರು ಎನ್ನುವುದಾದರೆ ನನ್ನ ಅಭ್ಯಂತರವಿಲ್ಲ!

• ಹೆಸರನ್ನು ಕನ್ನಡ ಅಕ್ಷರದಲ್ಲಿ ಬರೆದು ನೋಡಿ. ಇಂಗ್ಲಿಷ್ ಅಕ್ಷರದಲ್ಲಿ ಮಾಲಾ, ಮಲ ಎರಡೂ ಒಂದೇ. ದಿನ ಹಗಲು, ದೀನ ಬಡಪಾಯಿ. ಸುರ ದೇವತೆ, ಸುರಾ ಹೆಂಡ. ಒಂದು ದೀರ್ಘ ಎಲ್ಲಿ ಬರುತ್ತದೆಂದು ಗೊತ್ತಾಗುವವರೆಗೆ ಅರ್ಥ ಹುಡುಕುವುದೇ ದಂಡ.

• ಕೇಳಲು ಒಂದೇ ಥರ ಇದ್ದರೆ ಮೂಲವೂ ಒಂದೇ ಆಗಬೇಕಿಲ್ಲ. ಸ್ವೀಡನ್ನಿನ ಅನ್ನಿಕಾ ಎಂಬುದು ಅನ್ನಾ ಹೆಸರಿನ ಮುದ್ದಿನ ರೂಪ. ನಮ್ಮ ‘ಅನೀಕ’ ಎಂದರೆ ಮುಖ, ಇಲ್ಲವೇ ಸೈನ್ಯ. ಐರ್ಲೆಂಡಿನ ನೀಲ್ ಬೇರೆ, ನಮ್ಮ ನೀಲ ಬೇರೆ. ಮಾಯಾ ನಮ್ಮಲ್ಲೂ ಇದ್ದಾಳೆ, ಗ್ರೀಕರಲ್ಲೂ ಇದ್ದಾಳೆ, ಹೀಬ್ರೂ ಭಾಷೆಯವರಲ್ಲೂ ಇದ್ದಾಳೆ, ಮೂವರಿಗೂ ನಂಟಿಲ್ಲ. ಕಿಯಾರಾ ಇಟಲಿಯ ಹೆಸರು, ಲ್ಯಾಟಿನ್ನಿನ ‘ಕ್ಲಾರಾ’ದಿಂದ ಬಂದದ್ದು, ತಿಳಿಯಾದ, ಬೆಳಗುವ ಎಂದರ್ಥ. ಮೈರಾ ಎಂಬುದನ್ನು ಹದಿನೇಳನೇ ಶತಮಾನದ ಹೊತ್ತಿಗೆ ಫಲ್ಕ್ ಗ್ರೆವಿಲ್ ಎಂಬ ಇಂಗ್ಲಿಷ್ ಕವಿ ತನ್ನ ಕವಿತೆಗಾಗಿ ಕಟ್ಟಿದ. ಇವಕ್ಕೆಲ್ಲ ವೇದದ ಮೂಲ ಅಂಟಿಸುವವರು ಇದ್ದಾರೆ. ಹೆಸರು ಇಷ್ಟವಾದರೆ ಇಡಿ, ಕವಿಯ ಕಲ್ಪನೆಯಲ್ಲಿ ಹುಟ್ಟಿದ ಹೆಸರೇನು ಸಾಮಾನ್ಯವೇ? ಆದರೆ ಇಟಲಿಯದ್ದನ್ನು ಇಟಲಿಯದ್ದು ಎಂದೇ ಮಗುವಿಗೆ ಹೇಳಿ.

• ನಿಘಂಟು ತೆಗೆಯಿರಿ. ಸಂಸ್ಕೃತಕ್ಕೆ 1899ರ ಮೋನಿಯರ್ ವಿಲಿಯಮ್ಸ್, ಕನ್ನಡಕ್ಕೆ 1894ರ ಕಿಟೆಲ್, ಅದಕ್ಕೂ ಮಿಗಿಲಾಗಿ ಕನ್ನಡ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳು. ಮೊಬೈಲೇ ಬೇಕೆನ್ನುವವರಿಗೆ ವಿ. ಕೃಷ್ಣ ಅವರ ‘ಅಲರ್’ ಇದೆ. ಸಿಕ್ಕ ಮೊದಲ ಅರ್ಥಕ್ಕೇ ಪುಸ್ತಕ ಮುಚ್ಚಬೇಡಿ. ‘ಹರಿ’ ಎಂದರೆ ವಿಷ್ಣು, ಸಿಂಹ, ಕುದುರೆ, ಸೂರ್ಯ. ಕೋತಿ, ಹಾವು, ಕಪ್ಪೆ ಕೂಡ. ಕಪ್ಪೆಗೆ ಹೆದರಿ ಯಾರೂ ಹರಿಯನ್ನು ಬಿಟ್ಟಿಲ್ಲ, ನೀವೂ ಬಿಡಬೇಕಿಲ್ಲ. ‘ಲಾವಣ್ಯ’ದ ಬುಡದಲ್ಲಿ ‘ಲವಣ’ ಇದೆ. ಉಪ್ಪಿನಿಂದ ರುಚಿಗೆ, ರುಚಿಯಿಂದ ಚೆಲುವಿಗೆ ಬಂದ ಪದ ಅದು. ಬುಡ ಒಂದು, ಬಳಕೆ ಒಂದು, ಎರಡನ್ನೂ ತಿಳಿದಿರಿ.

• “ಶಿವನ ಇನ್ನೊಂದು ಹೆಸರು”, “ಲಕ್ಷ್ಮಿಯ ಹೆಸರು” ಎಂದರೆ ಯಾವ ಸ್ತೋತ್ರದಲ್ಲಿ ಎಂದು ಕೇಳಿ. ವಿಷ್ಣು ಸಹಸ್ರನಾಮ ಮಹಾಭಾರತದ ಅನುಶಾಸನ ಪರ್ವದಲ್ಲಿದೆ, ಲಲಿತಾ ಸಹಸ್ರನಾಮ ಎಲ್ಲ ಅಂಗಡಿಯಲ್ಲೂ ಸಿಗುತ್ತದೆ. ಹುಡುಕಲು ಅರ್ಧ ಗಂಟೆ ಸಾಕು.

• ನಿಘಂಟು ಕೈಕೊಡುವ ಜಾಗವೂ ಇದೆ. ತಿಪ್ಪಯ್ಯ, ಹುಚ್ಚಪ್ಪ, ತಿರುಕಪ್ಪ ಇವನ್ನು ಪದಶಃ ಬಿಡಿಸಿದರೆ ನಗು ಬರುತ್ತದೆ. ಹುಟ್ಟಿದ ಮಕ್ಕಳು ಉಳಿಯದ ಮನೆಯಲ್ಲಿ, ಸಾವಿನ ಕಣ್ಣು ಬೀಳದಿರಲೆಂದು ಬೇಡವಾದ ವಸ್ತುವಿನ ಹೆಸರಿಡುತ್ತಿದ್ದರು. ಚಿತ್ರದುರ್ಗದ ಕಡೆಯ ತಿಪ್ಪೇಸ್ವಾಮಿಗಳಿಗೆ ನಾಯಕನಹಟ್ಟಿಯ ತಿಪ್ಪೇರುದ್ರಸ್ವಾಮಿಯ ಹರಕೆಯೂ ಇರುತ್ತದೆ. ಹಾಗಾಗಿ ಮುತ್ತಜ್ಜನ ಹೆಸರನ್ನು ಮಗುವಿಗೆ ಇಡಬೇಕೆಂದಿದ್ದರೆ ಮನೆಯ ಹಿರಿಯರನ್ನು ಕೂರಿಸಿ ಕೇಳಿ. ಅವರು ಇರುವಾಗಲೇ ಕೇಳಿ.

• ನಕ್ಷತ್ರದ ಅಕ್ಷರಕ್ಕೆ ಸಿಕ್ಕಿಬಿದ್ದು ಒದ್ದಾಡಬೇಡಿ. ಹಸ್ತದ ಅಕ್ಷರಗಳು ಪು, ಷ, ಣ, ಠ. ಆರಿದ್ರೆಯದ್ದು ಕು, ಘ, ಙ, ಛ. ಙ ಅಕ್ಷರದಿಂದ ಶುರುವಾಗುವ ಹೆಸರನ್ನು ಎಲ್ಲಿಂದ ತರುತ್ತೀರಿ? ‘ಣ’ದಿಂದ ಎಂದರೆ ನನಗೆ ನೆನಪಾಗುವುದು ಜೈನರ ಣಮೋಕಾರ ಮಂತ್ರ ಒಂದೇ. ಹೀಗೆ ಇಕ್ಕಟ್ಟಿಗೆ ಸಿಕ್ಕವರಿಗಾಗಿಯೇ ಪಟ್ಟಿಗಳಲ್ಲಿ ಹೆಸರೂ ಅರ್ಥವೂ ಒಟ್ಟಿಗೆ ಹುಟ್ಟಿಕೊಳ್ಳುತ್ತವೆ. ನಕ್ಷತ್ರನಾಮವನ್ನು ಪುರೋಹಿತರು ಕಿವಿಯಲ್ಲಿ ಹೇಳಲಿ, ಕರೆಯುವ ಹೆಸರು ನಿಮ್ಮ ಇಷ್ಟದ್ದಿರಲಿ.

• ಅಪ್ಪನ ಹೆಸರಿನ ಮೊದಲಕ್ಷರ, ಅಮ್ಮನ ಹೆಸರಿನ ಕೊನೆಯಕ್ಷರ ಸೇರಿಸಿ ಹೊಸ ಹೆಸರು ಕಟ್ಟಿದಿರಾ? ಸಂತೋಷ. ಅದಕ್ಕೆ ಅರ್ಥ ಹುಡುಕಲು ಹೋಗಬೇಡಿ. “ನಮ್ಮಿಬ್ಬರನ್ನು ಸೇರಿಸಿ ಮಾಡಿದ್ದು” ಎನ್ನುವುದೇ ಮಗುವಿಗೆ ಹೇಳಬಹುದಾದ ನಿಜ.

• ಅವಸರವಿಲ್ಲ. ಜನನವನ್ನು 21 ದಿನದೊಳಗೆ ನೋಂದಾಯಿಸಬೇಕು, ಸರಿ; ಹೆಸರಿನ ಜಾಗವನ್ನು ಖಾಲಿ ಬಿಡಬಹುದು. ನೋಂದಣಿಯಾಗಿ ಒಂದು ವರ್ಷದೊಳಗೆ ಹೆಸರು ಸೇರಿಸಿದರೆ ಶುಲ್ಕವಿಲ್ಲ. 2023ರ ಅಕ್ಟೋಬರ್ 1ರಿಂದೀಚೆಗೆ ಹುಟ್ಟಿದ ಮಕ್ಕಳಿಗೆ ಶಾಲೆ, ಪಾಸ್‌ಪೋರ್ಟ್ ಎಲ್ಲಕ್ಕೂ ಜನನ ಪ್ರಮಾಣಪತ್ರವೇ ಆಧಾರ. ಹೆಸರು ಸೇರಿಸಲು ಹೋಗುವಾಗ ಕನ್ನಡದಲ್ಲಿ ಹೇಗೆ, ಇಂಗ್ಲಿಷಿನಲ್ಲಿ ಹೇಗೆ ಎಂದು ಚೀಟಿಯಲ್ಲಿ ದಪ್ಪಕ್ಷರದಲ್ಲಿ ಬರೆದುಕೊಂಡು ಹೋಗಿ. ಬಾಯಲ್ಲಿ ಹೇಳಿದರೆ ಕೌಂಟರಿನವರು ಕಿವಿಗೆ ಬಿದ್ದಂತೆ ಬರೆದುಕೊಳ್ಳುತ್ತಾರೆ.