ಪಾಠ 8: ಕಬ್ಬು ಕಡಿದ ತಾಯಿಯ ಮಗ



ಶಾಲೆಯ ಬಯಲಲ್ಲಿ ಹುಡುಗರು ಚೆಂಡು ಒದೆಯುವುದನ್ನು ನಾವೆಲ್ಲ ನೋಡಿದ್ದೇವೆ. ಆ ಆಟದ ಹೆಸರು ಕಾಲ್ಚೆಂಡು. ಫುಟ್‌ಬಾಲ್ ಅಂದರೂ ಅದೇ. ಇದರಲ್ಲಿ ಎರಡು ತಂಡ. ಒಂದೊಂದು ತಂಡದಲ್ಲಿ 11 ಜನ. ಎದುರು ತಂಡದ ಎರಡು ಕಂಬಗಳ ನಡುವೆ ಚೆಂಡು ಹೊಡೆದರೆ ಒಂದು ಗೋಲು.

ಕೆಲವರ ಕೆಲಸ ಗೋಲು ಹೊಡೆಯುವುದು. ಇನ್ನು ಕೆಲವರ ಕೆಲಸ ಗೋಲು ಆಗದಂತೆ ತಡೆಯುವುದು. ಇವರನ್ನು ರಕ್ಷಣಾ ಆಟಗಾರರು ಎನ್ನುತ್ತಾರೆ. ಇವರು ಹೊಲದ ಬೇಲಿ ಇದ್ದ ಹಾಗೆ. ಪೈರು ಚೆನ್ನಾಗಿ ಬಂದರೆ ಎಲ್ಲರೂ ಪೈರನ್ನೇ ಹೊಗಳುತ್ತಾರೆ. ಬೇಲಿಯನ್ನು ಯಾರು ಹೊಗಳುತ್ತಾರೆ? ದನ ನುಗ್ಗಿದ ದಿನ ಮಾತ್ರ ಬೇಲಿ ನೆನಪಾಗುತ್ತದೆ.

ಇಂಥ ಒಬ್ಬ ಆಟಗಾರರ ಕತೆ ಈ ದಿನ ಓದೋಣ. ಅವರ ಹೆಸರು ಲಿಲಿಯಾನ್ ತುರಾಮ್.

ದ್ವೀಪದ ಮನೆ

ನಮ್ಮಿಂದ ಬಹಳ ದೂರದಲ್ಲಿ ಗ್ವಾಡಲೂಪ್ ಎಂಬ ದ್ವೀಪ ಇದೆ. ಸುತ್ತಲೂ ಸಮುದ್ರ. ಇದು ಫ್ರಾನ್ಸ್ ದೇಶಕ್ಕೆ ಸೇರಿದ್ದು. ಹಿಂದೆ ಆಫ್ರಿಕಾದಿಂದ ಕಪ್ಪು ಜನರನ್ನು ಹಿಡಿದು ಇಲ್ಲಿಗೆ ತಂದರು. ಗುಲಾಮರನ್ನಾಗಿ ಮಾಡಿ ಕಬ್ಬಿನ ತೋಟದಲ್ಲಿ ದುಡಿಸಿದರು. 1848ರಲ್ಲಿ ಆ ಗುಲಾಮಗಿರಿ ನಿಂತಿತು. ಆದರೆ ಬಡತನ ನಿಲ್ಲಲಿಲ್ಲ.

1972ರ ಜನವರಿ 1ರಂದು ಲಿಲಿಯಾನ್ ಅಲ್ಲಿ ಹುಟ್ಟಿದ. ತಾಯಿಯ ಹೆಸರು ಮರಿಯಾನಾ. ಐದು ಮಕ್ಕಳನ್ನು ಅವರು ಒಬ್ಬರೇ ಸಾಕಿದರು. ಕಬ್ಬು ಕಡಿಯಲು ಹೋಗುತ್ತಿದ್ದರು. ಬೇರೆಯವರ ಮನೆಯ ಕಸ ಗುಡಿಸಿ, ನೆಲ ಒರೆಸುತ್ತಿದ್ದರು. ಕಬ್ಬು ಕಡಿಯುವ ಕಷ್ಟ ನಿಮ್ಮಲ್ಲಿ ಹಲವರಿಗೆ ಗೊತ್ತೇ ಇದೆ. ರವುದಿ ಮೈ ಕೈ ಕೊಯ್ಯುತ್ತದೆ. ಬೆನ್ನು ಬಿದ್ದುಹೋಗುತ್ತದೆ.

1980ರಲ್ಲಿ ತಾಯಿ ಒಂದು ಗಟ್ಟಿ ಮನಸ್ಸು ಮಾಡಿದರು. ಮಕ್ಕಳನ್ನು ಊರಲ್ಲೇ ಬಿಟ್ಟು, ಸಮುದ್ರ ದಾಟಿ ಪ್ಯಾರಿಸ್ ಕಡೆಗೆ ದುಡಿಯಲು ಹೋದರು. ಒಂದು ವರ್ಷ ಆದ ಮೇಲೆ ಮಕ್ಕಳನ್ನೂ ಕರೆಸಿಕೊಂಡರು. ಆಗ ಲಿಲಿಯಾನ್‌ಗೆ 9 ವರ್ಷ.

ಒಂದು ಪ್ರಶ್ನೆ

ಹೊಸ ಊರು, ಹೊಸ ಶಾಲೆ. ಅಲ್ಲಿನ ಟಿ.ವಿ.ಯಲ್ಲಿ ಮಕ್ಕಳಿಗಾಗಿ ಎರಡು ಹಸುಗಳ ಕತೆ ಬರುತ್ತಿತ್ತು. ಬಿಳಿ ಹಸು ಜಾಣೆ. ಕಪ್ಪು ಹಸು ಪೆದ್ದಿ. ಶಾಲೆಯ ಕೆಲವು ಹುಡುಗರು ಲಿಲಿಯಾನ್‌ನನ್ನು ಆ ಕಪ್ಪು ಹಸುವಿನ ಹೆಸರಿನಿಂದ ಕರೆದು ನಕ್ಕರು.

ಹುಡುಗನಿಗೆ ದುಃಖವಾಯಿತು. ಮನೆಗೆ ಬಂದು ತಾಯಿಯನ್ನು ಕೇಳಿದ. ನನ್ನನ್ನು ಯಾಕೆ ಹೀಗೆ ಕರೆಯುತ್ತಾರೆ? ಕಪ್ಪು ಬಣ್ಣ ಅಂದರೆ ಯಾಕೆ ಕೀಳು?

ಜನ ಇರೋದೇ ಹಾಗೆ, ಅದು ಬದಲಾಗೋದಿಲ್ಲ ಎಂದರು ತಾಯಿ.

ಆ ಉತ್ತರದಿಂದ ಮಗನಿಗೆ ಸಮಾಧಾನ ಆಗಲಿಲ್ಲ. ಇದರಲ್ಲಿ ತಾಯಿಯ ತಪ್ಪೇನೂ ಇಲ್ಲ. ಅವರಿಗೆ ಯಾರು ಹೇಳಿಕೊಟ್ಟಿದ್ದರು? ಜಾತಿ ಕೇಳಿ ನೀರು ಕೊಟ್ಟಾಗ ನಮ್ಮ ಮಕ್ಕಳೂ ಇದೇ ಪ್ರಶ್ನೆ ಕೇಳಿದ್ದಾರೆ. ನಾವೂ ಎಷ್ಟೋ ಸಲ ಇದೇ ಉತ್ತರ ಕೊಟ್ಟಿದ್ದೇವೆ.

ಆಟವೇ ಕಸುಬು

ಲಿಲಿಯಾನ್ ಕಾಲ್ಚೆಂಡು ಚೆನ್ನಾಗಿ ಕಲಿತ. ಮುಂದೆ ಅದೇ ಅವರ ಕಸುಬಾಯಿತು. ಆ ದೇಶಗಳಲ್ಲಿ ಕ್ಲಬ್ ಎಂಬ ಸಂಘಗಳಿವೆ. ಅವು ಸಂಬಳ ಕೊಟ್ಟು ಆಟಗಾರರನ್ನು ಇಟ್ಟುಕೊಳ್ಳುತ್ತವೆ. ತುರಾಮ್ 1996ರವರೆಗೆ ಮೊನಾಕೋ ಕ್ಲಬ್‌ನಲ್ಲಿ ಆಡಿದರು. ಆಮೇಲೆ ಇಟಲಿಯ ಪಾರ್ಮಾದಲ್ಲಿ 5 ವರ್ಷ, ಯುವೆಂಟಸ್‌ನಲ್ಲಿ 5 ವರ್ಷ. ಕೊನೆಗೆ ಸ್ಪೇನ್ ದೇಶದ ಬಾರ್ಸಿಲೋನಾದಲ್ಲಿ 2 ವರ್ಷ.

1994ರಿಂದ 2008ರವರೆಗೆ ಫ್ರಾನ್ಸ್ ದೇಶದ ತಂಡಕ್ಕೂ ಆಡಿದರು. ಒಟ್ಟು 142 ಪಂದ್ಯ. ಅಲ್ಲಿನ ಗಂಡಸರ ತಂಡದಲ್ಲಿ 2022ರವರೆಗೆ ಇದೇ ದಾಖಲೆ ಆಗಿತ್ತು. 142 ಪಂದ್ಯದಲ್ಲಿ ಅವರು ಹೊಡೆದ ಗೋಲು ಎಷ್ಟು ಗೊತ್ತೆ? ಎರಡೇ ಎರಡು. ಆ ಎರಡೂ ಒಂದೇ ದಿನ ಬಂದವು.

ಒಂದು ತಪ್ಪು, ಎರಡು ಗೋಲು

ಅದು 1998ರ ಜುಲೈ 8. ವಿಶ್ವಕಪ್ ಪಂದ್ಯಗಳು ಫ್ರಾನ್ಸ್‌ನಲ್ಲೇ ನಡೆಯುತ್ತಿದ್ದವು. ಆ ದಿನ ಫ್ರಾನ್ಸ್‌ಗೂ ಕ್ರೊವೇಷಿಯಾಗೂ ಆಟ. ಗೆದ್ದವರು ಕೊನೆಯ ಪಂದ್ಯಕ್ಕೆ ಹೋಗುತ್ತಾರೆ.

ಮಧ್ಯದ ಬಿಡುವು ಮುಗಿದು ಆಟ ಶುರುವಾಯಿತು. ಆ ಗಳಿಗೆಯಲ್ಲಿ ತುರಾಮ್ ನಿಲ್ಲಬೇಕಾದ ಕಡೆ ನಿಂತಿರಲಿಲ್ಲ. ಬೇಲಿಯಲ್ಲಿ ಕಂಡಿ ಬಿತ್ತು. ಎದುರಾಳಿ ಗೋಲು ಹೊಡೆದ. ಊರಿಗೆ ಊರೇ ನೋಡುತ್ತಿದ್ದಾಗ ಆದ ತಪ್ಪು ಅದು.

ಆದರೆ ತುರಾಮ್ ತಲೆಯ ಮೇಲೆ ಕೈ ಹೊತ್ತು ಕೂರಲಿಲ್ಲ. ಮುಂದೆ ಓಡಿದರು. ಎದುರಾಳಿಯ ಕಾಲಿನಿಂದ ಚೆಂಡು ಕಿತ್ತುಕೊಂಡರು. ಒಂದೆರಡು ನಿಮಿಷದೊಳಗೆ ತಾವೇ ಗೋಲು ಹೊಡೆದರು! 70ನೇ ನಿಮಿಷದಲ್ಲಿ ಇನ್ನೊಂದು ಗೋಲು. ಆಗ ಅವರು ಮಂಡಿ ಊರಿ ಕುಳಿತು, ತುಟಿಯ ಮೇಲೆ ಬೆರಳಿಟ್ಟುಕೊಂಡರು. ನಾನು ಮಾಡಿದ್ದು ನಿಜವೇ ಎಂದು ಯೋಚಿಸುವವರ ಹಾಗೆ ಕಂಡರು.

ಫ್ರಾನ್ಸ್ 2–1ರಿಂದ ಗೆದ್ದಿತು. ನಾಲ್ಕು ದಿನದ ಮೇಲೆ ಬ್ರೆಜಿಲ್ ತಂಡವನ್ನು 3–0ರಿಂದ ಸೋಲಿಸಿ ವಿಶ್ವಕಪ್ಪನ್ನೇ ಪಡೆಯಿತು. ಕಪ್ಪು ಹಸು ಎನಿಸಿಕೊಂಡ ಹುಡುಗನಿಗೆ ದೇಶವೇ ಜಯಕಾರ ಹಾಕಿತು.

ಆಟ ಮುಗಿದ ಮೇಲೆ

2008ರಲ್ಲಿ ವೈದ್ಯರು ಅವರ ಹೃದಯದಲ್ಲಿ ತೊಂದರೆ ಕಂಡರು. ತುರಾಮ್ ಆಟ ನಿಲ್ಲಿಸಿದರು. ಆದರೆ ಹಳೆಯ ಪ್ರಶ್ನೆ ಮನಸ್ಸಿನಲ್ಲೇ ಇತ್ತು. ಅದಕ್ಕೆ ಉತ್ತರ ಹುಡುಕಿ ಅವರು ಪುಸ್ತಕಗಳನ್ನು ಓದಿದ್ದರು. ಅದೇ ವರ್ಷ ಬಣ್ಣಭೇದದ ವಿರುದ್ಧ ಒಂದು ಸಂಸ್ಥೆ ಕಟ್ಟಿದರು. 2010ರಲ್ಲಿ, ಹೆಸರು ಮಾಡಿದ ಕಪ್ಪು ಜನರ ಬಗ್ಗೆ ಒಂದು ಪುಸ್ತಕ ತಂದರು. ಶಾಲೆಗಳಿಗೆ ಹೋಗಿ ಮಕ್ಕಳ ಜೊತೆ ಮಾತಾಡಿದರು.

ಅವರು ಹೇಳುವುದು ಇಷ್ಟೆ. ಮೇಲು ಕೀಳು ಎಂಬುದು ಹುಟ್ಟಿನಿಂದ ಬರುವುದಿಲ್ಲ. ಅದನ್ನು ಜನ ಕಲಿಯುತ್ತಾರೆ. ಕಲಿತದ್ದನ್ನು ಬಿಡಬಹುದು.

ತಾಯಿ ಬದಲಾಗುವುದಿಲ್ಲ ಎಂದಿದ್ದರು. ಮಗ ಬದಲಾಗಬಹುದು ಎಂದ. ಆದರೆ ಕಬ್ಬು ಕಡಿದು ಆ ಮಗನನ್ನು ಸಾಕಿದ್ದು ಆ ತಾಯಿಯೇ. ಅವರೂ ಒಂದು ಬೇಲಿಯೇ ಅಲ್ಲವೇ?

ಪದಗಳ ಅರ್ಥ

ದ್ವೀಪ – ಸುತ್ತಲೂ ನೀರು ಇರುವ ನೆಲ
ಕಸುಬು – ಹೊಟ್ಟೆಪಾಡಿನ ಕೆಲಸ
ದಾಖಲೆ – ಎಲ್ಲರಿಗಿಂತ ಹೆಚ್ಚಿನ ಸಾಧನೆ
ಬಣ್ಣಭೇದ – ಮೈಬಣ್ಣ ನೋಡಿ ಮೇಲು ಕೀಳು ಎಣಿಸುವುದು

ಉತ್ತರ ಬರೆಯಿರಿ

1. ಮರಿಯಾನಾ ಯಾವ ಯಾವ ಕೆಲಸ ಮಾಡುತ್ತಿದ್ದರು?
2. ರಕ್ಷಣಾ ಆಟಗಾರರ ಕೆಲಸ ಏನು?
3. ತುರಾಮ್ ತಮ್ಮ ತಪ್ಪನ್ನು ಹೇಗೆ ಸರಿಮಾಡಿದರು?

ಕೂಡಿ ಮಾತಾಡೋಣ

ನಿಮ್ಮ ಮನೆಯಲ್ಲಿ ಬೇಲಿಯ ಹಾಗೆ ಕಾಯುವ ಕೆಲಸ ಯಾರದು? ಅದನ್ನು ಯಾರಾದರೂ ಲೆಕ್ಕಕ್ಕೆ ಹಿಡಿಯುತ್ತಾರೆಯೇ? ಯಾಕೆ ನಾವು ಕೀಳು ಎಂದು ನಿಮ್ಮ ಮಗು ಕೇಳಿದರೆ ಈಗ ಏನು ಹೇಳುತ್ತೀರಿ?