ಹರಿದ ವಸ್ತ್ರ, ಕುಂದದ ನಿಧಿ
(ದಾಸಿಮಯ್ಯನ ದಿವ್ಯವಸ್ತ್ರದ ಕಥೆಯನ್ನು ಬೋಧಿಸುವ ಬಗೆ)

ಲೋಕದ ಕಥಾಸಾಹಿತ್ಯದಲ್ಲಿ ಅದ್ಭುತ ವಸ್ತ್ರಗಳಿಗೆ ವಿಶಿಷ್ಟವಾದ ಸ್ಥಾನವುಂಟು. ಅರಬ್ಬೀ ಕಥೆಗಳಲ್ಲಿ ಕುಳಿತವರನ್ನು ಹೊತ್ತೊಯ್ಯುವ ರತ್ನಗಂಬಳಿಯಿದೆ. ಮಹಾಭಾರತದಲ್ಲಿ ದ್ರೌಪದಿಯ ಮಾನ ಕಾಯ್ದ ಅಕ್ಷಯವಸನವಿದೆ. ಇಂಗ್ಲಿಷ್ ಲೇಖಕ ಟೋಲ್ಕಿನ್ 1954ರಲ್ಲಿ ಪ್ರಕಟಿಸತೊಡಗಿದ ಮಹಾಕಥನದಲ್ಲಿ ಶತ್ರುವಿನ ಕಣ್ಣು ತಪ್ಪಿಸುವ ಮೇಲುಡುಪುಗಳು ಬರುತ್ತವೆ. 1997ರಲ್ಲಿ ಆರಂಭವಾದ ಹ್ಯಾರಿ ಪಾಟರ್ ಕಥಾಮಾಲೆಯಲ್ಲಿ ಹೊದ್ದವನನ್ನು ಅದೃಶ್ಯನನ್ನಾಗಿಸುವ ನಿಲುವಂಗಿಯಿದ್ದು, ನಮ್ಮ ಮಕ್ಕಳಲ್ಲಿ ಹಲವರು ಅದನ್ನು ಬಲ್ಲರು. ಇವೆಲ್ಲಕ್ಕೂ ಸಮಾನವಾದ ಲಕ್ಷಣ ಒಂದೇ: ವಸ್ತ್ರವು ತನ್ನನ್ನು ಪಡೆದವರಿಗೆ ಬಲವನ್ನೋ ರಕ್ಷಣೆಯನ್ನೋ ನೀಡುತ್ತದೆ.

ಈ ಲಕ್ಷಣಕ್ಕೆ ಹೊರತಾದ ದಿವ್ಯವಸ್ತ್ರವೊಂದರ ಕಥೆ ನಮ್ಮ ನಾಡಿನಲ್ಲೇ ಹುಟ್ಟಿದೆ. ಸೇಡಂ ತಾಲೂಕಿನ ಮಳಖೇಡವು ರಾಷ್ಟ್ರಕೂಟರ ಮಾನ್ಯಖೇಟವೆಂಬುದನ್ನೂ, ಉಪಲಬ್ಧ ಕನ್ನಡ ಗ್ರಂಥಗಳಲ್ಲಿ ಅತಿ ಪ್ರಾಚೀನವಾದ ಕವಿರಾಜಮಾರ್ಗವು ಆ ಆಸ್ಥಾನದಲ್ಲಿ ಮೂಡಿತೆಂಬುದನ್ನೂ ನಮ್ಮ ವಿದ್ಯಾರ್ಥಿಗಳು ಬಲ್ಲರು. ಅಲ್ಲಿಂದ ನೈರುತ್ಯಕ್ಕೆ, ಸುರಪುರ ಸೀಮೆಯಲ್ಲಿ ಮುದನೂರು ಇದೆ. 2009ರ ಕೊನೆಯಲ್ಲಿ ಯಾದಗಿರಿ ಪ್ರತ್ಯೇಕ ಜಿಲ್ಲೆಯಾಗುವವರೆಗೆ ಆ ಊರು ಚಿತ್ತಾಪುರ, ಚಿಂಚೋಳಿಗಳಂತೆಯೇ ಗುಲ್ಬರ್ಗಾ ಜಿಲ್ಲೆಗೆ ಸೇರಿತ್ತು. ಆದ್ಯ ವಚನಕಾರರಲ್ಲಿ ಒಬ್ಬನಾದ ಜೇಡರ ದಾಸಿಮಯ್ಯನ ಊರು ಅದೇ. ಆತನ ವಚನಗಳ ಅಂಕಿತ ರಾಮನಾಥ. ಜೇಡನೆಂದರೆ ನೇಕಾರ. ನೂಲು ತೆಗೆದು ಬಲೆ ಹೆಣೆಯುವ ಹುಳುವಿಗೂ ಕನ್ನಡವು ಅದೇ ಹೆಸರನ್ನಿತ್ತಿರುವುದು ಗಮನಾರ್ಹ. ಜೇಡರ ದಾಸಿಮಯ್ಯ, ದೇವರ ದಾಸಿಮಯ್ಯ ಇಬ್ಬರೂ ಒಬ್ಬನೇ ಎಂಬ ವಿಷಯದಲ್ಲಿ ವಿದ್ವಾಂಸರಲ್ಲಿ ಚರ್ಚೆಯುಂಟು. ಪ್ರಸ್ತುತ ಕಥೆಯ ಸಾರಕ್ಕೆ ಅದರಿಂದ ಬಾಧೆಯಿಲ್ಲ.

ಕಥೆ ಸಂಗ್ರಹವಾಗಿ ಹೀಗಿದೆ. ದಾಸಿಮಯ್ಯನು ಬಹುಕಾಲ ಮಗ್ಗದಲ್ಲಿ ಕುಳಿತು ಅಪೂರ್ವವಾದ ವಸ್ತ್ರವೊಂದನ್ನು ನೇಯ್ದನು. ಅದನ್ನು ಮಾರಲೆಂದು ಒಯ್ದಾಗ ಬೆಲೆ ಕಟ್ಟಿ ಕೊಳ್ಳುವವರು ದೊರೆಯಲಿಲ್ಲ. ಮರಳಿ ಬರುವಾಗ ಶಿವನು ವೃದ್ಧ ಜಂಗಮನ ವೇಷದಲ್ಲಿ ಎದುರಾಗಿ ವಸ್ತ್ರವನ್ನು ಬೇಡಿದನು. ದಾಸಿಮಯ್ಯನು ಮರುಮಾತಿಲ್ಲದೆ ನೀಡಿದನು. ಬೇಡಿದವನು ಅದನ್ನು ಉಡಲಿಲ್ಲ. ಕೊಟ್ಟವನ ಕಣ್ಣೆದುರಿಗೇ ತುಂಡುತುಂಡಾಗಿ ಹರಿದನು. ದಾಸಿಮಯ್ಯನು ಕೋಪಿಸಿಕೊಳ್ಳಲಿಲ್ಲ. ಕೊಟ್ಟ ಮೇಲೆ ಅದು ಪಡೆದವನದು ಎಂಬುದೇ ಆತನ ಭಾವ. ಮೆಚ್ಚಿದ ಶಿವನು ತವನಿಧಿಯನ್ನು ಕರುಣಿಸಿದನು. ತವನಿಧಿಯೆಂದರೆ ಎಷ್ಟು ತೆಗೆದರೂ ಕುಂದದ ಧಾನ್ಯದ ನಿಧಿ. ಹದಿಮೂರನೆಯ ಶತಮಾನದ ಪಾಲ್ಕುರಿಕೆ ಸೋಮನಾಥನ ತೆಲುಗು ಬಸವಪುರಾಣದಲ್ಲಿ ಈ ಕಥೆ ಬಂದಿದೆ. ಆ ಪುರಾಣವನ್ನು ಭೀಮಕವಿಯು 1369ರಲ್ಲಿ ಕನ್ನಡಕ್ಕೆ ತಂದನು.

ಈ ಕಥೆಯಲ್ಲಿ ಮೊದಲು ಗಮನಿಸಬೇಕಾದುದು, ವಸ್ತ್ರಕ್ಕೆ ಯಾವ ಮಾಂತ್ರಿಕ ಶಕ್ತಿಯೂ ಇಲ್ಲವೆಂಬುದು. ಅದು ಹಾರುವುದಿಲ್ಲ, ಯಾರನ್ನೂ ಮರೆಮಾಡುವುದಿಲ್ಲ, ಹರಿಯಹೋದರೆ ಹರಿಯುತ್ತದೆ. ದೇವಾಂಗ ಪರಂಪರೆಯ ಪುರಾಣದಲ್ಲಿ ದೇವಲ ಮುನಿಯು ವಿಷ್ಣುವಿನ ನಾಭಿಕಮಲದ ತಂತುವಿನಿಂದ ದೇವಮಾನವರಿಗೆ ಉಡುಗೆ ನೇಯ್ದನೆಂದಿದೆ. ಅಲ್ಲಿ ನೂಲೇ ದಿವ್ಯವಾದುದು. ದಾಸಿಮಯ್ಯನ ಕಥೆಯಲ್ಲಿ ದಿವ್ಯತೆ ಇರುವುದು ದುಡಿಮೆಯಲ್ಲಿ. ಹಾಸು ಕಟ್ಟಿ, ಲಾಳಿ ಎಸೆದು, ಎಳೆಗೆ ಎಳೆ ಕೂಡಿಸಿದ ಕೈಯಲ್ಲಿ. ಎರಡನೆಯದಾಗಿ, ಪವಾಡವು ನೇಯ್ಗೆಯಾದಾಗ ನಡೆಯಲಿಲ್ಲ, ದಾನವಿತ್ತಾಗಲೂ ನಡೆಯಲಿಲ್ಲ. ವಸ್ತ್ರ ಹರಿದ ಮೇಲೂ ಮನಸ್ಸು ಹರಿಯದೆ ಉಳಿದಾಗ ನಡೆಯಿತು.

ಇದರ ಮಗ್ಗುಲಲ್ಲಿ ಡೆನ್ಮಾರ್ಕಿನ ಆಂಡರ್ಸನ್ 1837ರಲ್ಲಿ ಪ್ರಕಟಿಸಿದ ಚಕ್ರವರ್ತಿಯ ಹೊಸ ಉಡುಪಿನ ಕಥೆಯನ್ನು ಇಟ್ಟು ನೋಡಬೇಕು. ಇಬ್ಬರು ವಂಚಕರು ಬರಿದಾದ ಮಗ್ಗದ ಮುಂದೆ ಕುಳಿತು, ಮೂಢರಿಗೆ ಕಾಣದ ವಸ್ತ್ರವನ್ನು ನೇಯುತ್ತಿದ್ದೇವೆಂದು ನಟಿಸುತ್ತಾರೆ. ಮಂತ್ರಿಗಳೂ ಅರಸನೂ ಇಲ್ಲದ ವಸ್ತ್ರವನ್ನು ಹೊಗಳುತ್ತಾರೆ. ಸತ್ಯವನ್ನಾಡಿದ್ದು ಒಂದು ಮಗು. ಅಲ್ಲಿ ದುಡಿಮೆಯಿಲ್ಲ, ಹೊಗಳಿಕೆಯುಂಟು. ಇಲ್ಲಿ ದುಡಿಮೆಯುಂಟು, ಬೆಲೆ ಕಟ್ಟುವವರಿಲ್ಲ. ಎರಡನ್ನೂ ಒಂದೇ ಪಾಠದಲ್ಲಿ ಬೋಧಿಸಿದರೆ ಶ್ರಮದ ಬೆಲೆಯನ್ನು ಮಕ್ಕಳು ತಾವೇ ಕಂಡುಕೊಳ್ಳುವರು.

ಇಲ್ಲಿ ಒಂದು ಆಕ್ಷೇಪ ಏಳುವುದು ಸಹಜ: ವಸ್ತ್ರ ಕೊಟ್ಟು ಧಾನ್ಯ ಪಡೆದದ್ದು ವ್ಯಾಪಾರವಲ್ಲವೇ? ಆಕ್ಷೇಪವನ್ನು ಪರಂಪರೆಯೇ ಬಲ್ಲದು. ಆದ್ದರಿಂದಲೇ ಅದು ಶಂಕರ ದಾಸಿಮಯ್ಯನ ಕಥೆಯನ್ನೂ ಜೊತೆಗೆ ಹೇಳುತ್ತದೆ. ತವನಿಧಿ ಪಡೆದವನಿಗೆ ತಾನು ಕೊಡುವವನೆಂಬ ಗರ್ವ ಮೂಡಿತು. ಬಡವನಂತೆ ಕಂಡ ಶಂಕರ ದಾಸಿಮಯ್ಯನಿಗೆ ಕೊಡಹೋಗಿ ಆ ಗರ್ವ ಮುರಿಯಿತು. ತವನಿಧಿಯು ಕೂಡಿಡುವ ಸಂಪತ್ತಲ್ಲ, ಬಡಿಸುವ ಹೊಣೆ. ಆ ಹೊಣೆಯಲ್ಲಿ ಪತ್ನಿ ದುಗ್ಗಳೆಯು ಸಮಭಾಗಿನಿ. ಆಕೆಯೂ ‘ದಾಸಯ್ಯಪ್ರಿಯ ರಾಮನಾಥ’ ಎಂಬ ಅಂಕಿತದಲ್ಲಿ ವಚನ ರಚಿಸಿದವಳು. ಮುಂದೆ ಹನ್ನೆರಡನೆಯ ಶತಮಾನದ ಶರಣರು ಕಾಯಕ, ದಾಸೋಹಗಳೆಂದು ಸಿದ್ಧಾಂತವಾಗಿ ನಿಲ್ಲಿಸಿದ ಎರಡು ತತ್ತ್ವಗಳು ಈ ಕಥೆಯಲ್ಲಿ ಹಾಸುಹೊಕ್ಕಾಗಿವೆ.

“ಇದು ನಿಜವಾಗಿ ನಡೆಯಿತೇ?” ಎಂದು ವಿದ್ಯಾರ್ಥಿ ಕೇಳಿದರೆ ಶಿಕ್ಷಕರು ಗದರಬಾರದು, ನಡೆದೇ ತೀರಿತೆಂದು ಸಾಧಿಸಲೂ ಹೋಗಬಾರದು. ದಾಸಿಮಯ್ಯನೆಂಬ ವಚನಕಾರನಿದ್ದುದು ಇತಿಹಾಸ, ದಿವ್ಯವಸ್ತ್ರವು ಪುರಾಣ ಎಂದು ಬೇರ್ಪಡಿಸಿ ಹೇಳಬೇಕು. ಆ ಬಳಿಕ ಮೂರು ಪ್ರಶ್ನೆಗಳನ್ನು ಮುಂದಿಡಬಹುದು. ವಸ್ತ್ರವನ್ನು ಯಾರೂ ಕೊಳ್ಳದಿದ್ದಾಗ ನೇಯ್ದವನ ಶ್ರಮ ವ್ಯರ್ಥವಾಯಿತೇ? ಕೊಟ್ಟ ವಸ್ತುವಿನ ಮೇಲೆ ಕೊಟ್ಟವನಿಗೆ ಅಧಿಕಾರ ಉಳಿಯುವುದೇ? ನಿಮ್ಮ ಮನೆಯ ಹಿರಿಯರು ತಯಾರಿಸಿದ ಯಾವ ವಸ್ತು ಇಂದು ಯಾರ ಬಳಿಯಲ್ಲಿದೆ?

ಮೂರನೆಯ ಪ್ರಶ್ನೆಗೆ ನಮ್ಮ ಮಕ್ಕಳು ಪುಸ್ತಕ ತೆರೆಯಬೇಕಿಲ್ಲ. ಶಹಾಬಾದಿನ ಗಣಿಯಲ್ಲಿ ತಂದೆ ಸೀಳಿದ ಹಾಸುಗಲ್ಲು ಕಾಣದ ಊರಿನ ಅಂಗಳದಲ್ಲಿದೆ. ವಾಡಿಯ ಸಿಮೆಂಟು ಯಾರದೋ ಮನೆಯ ಗೋಡೆಯಾಗಿದೆ. ಚಿಂಚೋಳಿ, ಸೇಡಂಗಳ ತೊಗರಿ ದೂರದ ಅಡುಗೆಮನೆಗಳಲ್ಲಿ ಬೇಯುತ್ತಿದೆ. ತಮ್ಮವರ ದುಡಿಮೆಯನ್ನು ತಾವು ಕಾಣದವರು ಬಳಸುತ್ತಿರುವರೆಂದು ಅರಿತ ಮಗುವಿಗೆ ದಾಸಿಮಯ್ಯನು ಅಪರಿಚಿತನಾಗಿ ಉಳಿಯನು.

ಶಾಲೆಯೂ ಇಂಥದೇ ನೇಯ್ಗೆ. ಇದಕ್ಕೆ ದಾನಿಗಳು ನೂಲನ್ನಿತ್ತಿದ್ದಾರೆ, ಶಿಕ್ಷಕರು ಮಗ್ಗದಲ್ಲಿ ಕುಳಿತಿದ್ದಾರೆ. ಸಿದ್ಧವಾದ ವಸ್ತ್ರವನ್ನು ಲೋಕವು ಹೇಗೆ ಬಳಸುವುದೆಂಬುದು ಇಬ್ಬರ ಕೈಯಲ್ಲೂ ಇಲ್ಲ. ವಿದ್ಯೆ ಪಡೆದವನು ದೂರ ಹೋಗಬಹುದು, ನಮ್ಮನ್ನು ಮರೆಯಲೂಬಹುದು. ಆಗಲೂ ಮುಂದಿನ ಮಗುವಿಗಾಗಿ ಹಾಸು ಕಟ್ಟುವ ಮನಸ್ಸು ಕುಂದದಿದ್ದರೆ, ಆ ಮನಸ್ಸೇ ಸಂಸ್ಥೆಯೊಂದರ ತವನಿಧಿ.